30 ಲಕ್ಷದ ಗೃಹಸಾಲಕ್ಕೆ ಕೊನೆಗೆ ಎಷ್ಟು ಕಟ್ಟುತ್ತೇವೆ?

ಪ್ರಶ್ನೆ: ಹುಬ್ಬಳ್ಳಿಯ ಅನುದಾನಿತ ಪ್ರೌಢಶಾಲೆಯೊಂದರಲ್ಲಿ ಶಿಕ್ಷಕನಾಗಿದ್ದೇನೆ. ವಯಸ್ಸು 43. ಕಟಾವು ಎಲ್ಲ ಹೋಗಿ ಕೈಗೆ ಬರುವ ಪಗಾರ 62,000 ರೂಪಾಯಿ. ಗೋಕುಲ ರೋಡಿನಲ್ಲಿ 9,000 ಬಾಡಿಗೆಯ ಮನೆಯಲ್ಲಿದ್ದೇವೆ. ನವನಗರದಲ್ಲಿ ಒಂದು ಹಳೆಯ ಸ್ವತಂತ್ರ ಮನೆ 40 ಲಕ್ಷಕ್ಕೆ ಮಾತಾಗಿದೆ. ಕೈಯಲ್ಲಿ 12 ಲಕ್ಷ ಇದೆ. ಬ್ಯಾಂಕಿನವರು 30 ಲಕ್ಷ ಸಾಲಕ್ಕೆ ಶೇ 8.5 ಬಡ್ಡಿ, 20 ವರ್ಷ, ತಿಂಗಳ ಕಂತು 26,035 ಎಂದಿದ್ದಾರೆ. ಹೌಸಿಂಗ್ ಫೈನಾನ್ಸ್ ಕಂಪನಿಯೊಂದು ಅದೇ ಬಡ್ಡಿಗೆ 25 ವರ್ಷ ಕೊಡುತ್ತೇವೆ, ಕಂತು 24,157ಕ್ಕೆ ಇಳಿಯುತ್ತದೆ ಎನ್ನುತ್ತಿದೆ. ಕಡಿಮೆ ಬಿದ್ದ ದುಡ್ಡಿಗೆ ನಮ್ಮ ಪತ್ತಿನ ಸೊಸೈಟಿಯಲ್ಲಿ 5 ಲಕ್ಷ ಸಿಗುತ್ತದೆ, 10 ವರ್ಷಕ್ಕೆ, ಬಡ್ಡಿ ಬರೀ ಶೇ 7. ನಮ್ಮ ಮಾವನವರು ‘ಎರಡು ಮನಿ ರೊಕ್ಕ ಕೊಟ್ಟು ಒಂದು ಮನಿ ತಗೋತೀರಲ್ರಿ’ ಅಂತಾರೆ. ಸ್ಟಾಫ್ ರೂಮಿನವರು ‘ಎಷ್ಟು ಉದ್ದ ಅವಧಿ ಸಿಗ್ತದೋ ಅಷ್ಟು ತಗೊಳ್ರಿ, ಟ್ಯಾಕ್ಸ್ ಉಳಿತದ. ಮೊದಲಿನ ಹತ್ತು ವರ್ಷ ಬ್ಯಾಂಕಿನವ್ರು ಬಡ್ಡಿನೇ ಮುರ್ಕೋತಾರ, ಆಮ್ಯಾಲೆ ಮುಂಗಡ ತುಂಬಿ ಏನೂ ಉಪಯೋಗಿಲ್ಲ’ ಅಂತಾರೆ. ಯಾರ ಮಾತು ಖರೆ? ಈ ಮನೆ ನನಗೆ ನಿಜವಾಗಿ ಎಷ್ಟಕ್ಕೆ ಬೀಳುತ್ತದೆ?

ಉತ್ತರ: ನಿಮ್ಮ ಪತ್ರದಲ್ಲಿ ಬಡ್ಡಿದರ ಇದೆ, ಕಂತು ಇದೆ, ಪಗಾರ ಇದೆ. ನೀವು 60ಕ್ಕೆ ನಿವೃತ್ತರಾಗುತ್ತೀರಿ ಎಂಬುದು ಮಾತ್ರ ಎಲ್ಲಿಯೂ ಇಲ್ಲ. ಈ ಸಾಲದ ಲೆಕ್ಕ ತಿರುಗುವುದೇ ಅಲ್ಲಿ. ನಿಮಗೆ ಪಗಾರದ ವರ್ಷಗಳು ಉಳಿದಿರುವುದು 17. ಬ್ಯಾಂಕ್ ಕೊಡುತ್ತಿರುವುದು 20, ಫೈನಾನ್ಸ್‌ನವರು ಕೊಡುತ್ತಿರುವುದು 25.

ಮೊದಲು ಮಾವನವರ ಮಾತು. 30 ಲಕ್ಷಕ್ಕೆ ಶೇ 8.5ರಂತೆ 20 ವರ್ಷ ತಪ್ಪದೆ ಕಂತು ಕಟ್ಟಿದರೆ ಒಟ್ಟು 62.48 ಲಕ್ಷ ಹೋಗುತ್ತದೆ. ಅದರಲ್ಲಿ ಬಡ್ಡಿಯೇ 32.48 ಲಕ್ಷ. ಎರಡು ಮನೆಯ ರೊಕ್ಕ ಎಂಬುದು ಉತ್ಪ್ರೇಕ್ಷೆಯಲ್ಲ. ಆದರೆ ಅವರ ಲೆಕ್ಕದಲ್ಲಿ ಒಂದು ಅಂಶ ಬಿಟ್ಟುಹೋಗಿದೆ. 2 ವರ್ಷದ ನಂತರ ಕಟ್ಟುವ 26,035 ರೂಪಾಯಿಗೂ 19 ವರ್ಷದ ನಂತರ ಕಟ್ಟುವ 26,035 ರೂಪಾಯಿಗೂ ಒಂದೇ ತೂಕವಿಲ್ಲ. ಬೆಲೆ ಏರಿಕೆ ವರ್ಷಕ್ಕೆ ಶೇ 5 ಎಂದು ಹಿಡಿದರೆ ಆ 240 ಕಂತುಗಳ ಇಂದಿನ ಬೆಲೆ ಸುಮಾರು 39.5 ಲಕ್ಷ. 30 ಲಕ್ಷ ಪಡೆದು ಇಂದಿನ ಹಣದಲ್ಲಿ 39.5 ಲಕ್ಷ ತೀರಿಸಿದಂತೆ. ಕಡಿಮೆಯೇನಲ್ಲ, ಆದರೆ ಹೆದರಿ ಓಡುವಂಥದ್ದೂ ಅಲ್ಲ. ನಿಮ್ಮ ಪಗಾರ ಬೆಲೆ ಏರಿಕೆಯ ಜೊತೆಗೆ ಏರುತ್ತ ಹೋದರೆ ಮಾತ್ರ ಈ ಸಮಾಧಾನ ನಿಲ್ಲುತ್ತದೆ. ನಿವೃತ್ತಿಯ ನಂತರ ಅದು ಏರುವುದಿಲ್ಲ.

ಇನ್ನು ‘ಮೊದಲು ಬಡ್ಡಿ ಮುರಿದುಕೊಳ್ಳುತ್ತಾರೆ’ ಎಂಬುದು. ಕಂತಿನ ಲೆಕ್ಕ ನೋಡಿದರೆ ಹಾಗೆ ಕಾಣುವುದು ನಿಜ. ಮೊದಲ ತಿಂಗಳ 26,035ರಲ್ಲಿ 21,250 ಬಡ್ಡಿಗೆ ಹೋಗಿ, ಅಸಲಿಗೆ ಜಮಾ ಆಗುವುದು 4,785 ಮಾತ್ರ. ಮೊದಲ ವರ್ಷ ನೀವು ಕಟ್ಟುವ 3.12 ಲಕ್ಷದಲ್ಲಿ ಅಸಲು ಇಳಿಯುವುದು 60 ಸಾವಿರದಷ್ಟು. 10 ವರ್ಷ ಮುಗಿದಾಗ 31.24 ಲಕ್ಷ ಕಟ್ಟಿರುತ್ತೀರಿ, ಇನ್ನೂ 21 ಲಕ್ಷ ಬಾಕಿ ಇರುತ್ತದೆ. ಅಸಲು ಅರ್ಧಕ್ಕೆ, ಅಂದರೆ 15 ಲಕ್ಷಕ್ಕೆ, ಇಳಿಯಬೇಕಾದರೆ 13 ವರ್ಷ 10 ತಿಂಗಳು ಬೇಕು. ಇದನ್ನು ನೋಡಿದ ಯಾರಿಗಾದರೂ ಬ್ಯಾಂಕ್ ಮೋಸ ಮಾಡುತ್ತಿದೆ ಎನ್ನಿಸುತ್ತದೆ.

ಮೋಸ ಇಲ್ಲ. ಪ್ರತಿ ತಿಂಗಳೂ ಆ ತಿಂಗಳ ಬಾಕಿ ಅಸಲಿನ ಮೇಲಷ್ಟೇ ಬಡ್ಡಿ ಹಾಕುತ್ತಾರೆ. 30 ಲಕ್ಷಕ್ಕೆ ವರ್ಷಕ್ಕೆ ಶೇ 8.5 ಅಂದರೆ 2.55 ಲಕ್ಷ, ಹನ್ನೆರಡರಿಂದ ಭಾಗಿಸಿದರೆ 21,250. ಮುಂದಿನ ವರ್ಷಗಳ ಬಡ್ಡಿಯನ್ನು ಯಾರೂ ಮೊದಲೇ ವಸೂಲು ಮಾಡುತ್ತಿಲ್ಲ. ಬಾಕಿ ದೊಡ್ಡದಿರುವಾಗ ಬಡ್ಡಿಯೂ ದೊಡ್ಡದು, ಅಷ್ಟೇ. ಹಾಗಾಗಿ ‘ಹತ್ತು ವರ್ಷದ ನಂತರ ಮುಂಗಡ ತುಂಬಿ ಉಪಯೋಗವಿಲ್ಲ’ ಎಂಬ ಮಾತು ತಪ್ಪು. ಒಂದನೇ ವರ್ಷದ ಕೊನೆಗೆ 1 ಲಕ್ಷ ಹೆಚ್ಚಿಗೆ ತುಂಬಿದರೆ 18 ಕಂತು ಕಡಿಮೆಯಾಗಿ ಸುಮಾರು 3.7 ಲಕ್ಷ ಬಡ್ಡಿ ಉಳಿಯುತ್ತದೆ. 10ನೇ ವರ್ಷದ ಕೊನೆಗೆ ತುಂಬಿದರೆ ಉಳಿಯುವುದು 1.27 ಲಕ್ಷ. 15ನೇ ವರ್ಷದಲ್ಲಿ 50 ಸಾವಿರ. ಮೊತ್ತ ಕಡಿಮೆಯಾಗುತ್ತ ಹೋಗುವುದು ಉಳಿದ ಕಾಲ ಕಡಿಮೆ ಇರುವುದರಿಂದ. ಗಳಿಕೆಯ ದರ ಮೂರು ಸಲವೂ ಶೇ 8.5ರದ್ದೇ, ಅದೂ ತೆರಿಗೆ ಇಲ್ಲದ ಗಳಿಕೆ. ಎಫ್‌ಡಿಯಲ್ಲಿ ಅಷ್ಟು ಸಿಗುವುದು ಕಷ್ಟ.

ಅವಧಿಯ ಬೆಲೆ

ಅದೇ 30 ಲಕ್ಷ, ಅದೇ ಶೇ 8.5. 15 ವರ್ಷಕ್ಕೆ ಕಂತು 29,542, ಒಟ್ಟು ಬಡ್ಡಿ 23.18 ಲಕ್ಷ. 17 ವರ್ಷಕ್ಕೆ ಕಂತು 27,849, ಬಡ್ಡಿ 26.81 ಲಕ್ಷ. 20 ವರ್ಷಕ್ಕೆ ನಿಮಗೆ ಗೊತ್ತಿರುವ 26,035, ಬಡ್ಡಿ 32.48 ಲಕ್ಷ. 25 ವರ್ಷಕ್ಕೆ 24,157, ಬಡ್ಡಿ 42.47 ಲಕ್ಷ. ಫೈನಾನ್ಸ್ ಕಂಪನಿಯವರು ತಿಂಗಳಿಗೆ 1,878 ರೂಪಾಯಿ ಉಳಿಸಿಕೊಡುತ್ತೇವೆ ಎನ್ನುತ್ತಿದ್ದಾರಲ್ಲ, ಆ ಉಳಿತಾಯದ ಬೆಲೆ 10 ಲಕ್ಷ, ಮತ್ತು ನಿಮ್ಮ 68ನೇ ವಯಸ್ಸಿನವರೆಗೆ ಕಂತು. ಅದನ್ನು ಇಲ್ಲಿಗೇ ಬಿಟ್ಟುಬಿಡಿ.

20 ವರ್ಷದ್ದೂ ನಿಮ್ಮ ಅಳತೆಯದ್ದಲ್ಲ. ಬಡ್ಡಿದರ ಒಮ್ಮೆಯೂ ಬದಲಾಗದಿದ್ದರೂ ನಿವೃತ್ತಿಯ ದಿನ 8.25 ಲಕ್ಷ ಬಾಕಿ ಉಳಿದಿರುತ್ತದೆ. ಗ್ರಾಚ್ಯುಟಿಯಿಂದ ತೀರಿಸಬಹುದು ಎಂದು ಬಹಳ ಜನ ಲೆಕ್ಕ ಹಾಕುತ್ತಾರೆ. ಆದರೆ ಅದೇ ಹಣಕ್ಕೆ ಮಕ್ಕಳ ಮದುವೆ, ಓದು ಎಲ್ಲ ಸಾಲುಗಟ್ಟಿರುತ್ತವೆ.

ಮೇಲಾಗಿ ಬಡ್ಡಿದರ ಬದಲಾಗುತ್ತದೆ. ರಿಸರ್ವ್ ಬ್ಯಾಂಕ್ ಇತರ ಬ್ಯಾಂಕುಗಳಿಗೆ ಸಾಲ ಕೊಡುವ ರೆಪೊ ದರ 2022ರ ಏಪ್ರಿಲ್‌ವರೆಗೆ ಶೇ 4 ಇತ್ತು. ಆ ವರ್ಷದ ಮೇ ತಿಂಗಳಿಂದ ಏರತೊಡಗಿ 2023ರ ಫೆಬ್ರುವರಿಗೆ ಶೇ 6.5 ಮುಟ್ಟಿತು. ಮತ್ತೆ 2025ರ ಫೆಬ್ರುವರಿಯಿಂದ ಇಳಿದು ಡಿಸೆಂಬರ್ ಹೊತ್ತಿಗೆ ಶೇ 5.25ಕ್ಕೆ ಬಂತು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ (ದರ ಬದಲಾಗುವ) ಗೃಹಸಾಲಗಳು ಹೊರಗಿನ ಮಾನದಂಡಕ್ಕೆ, ಹೆಚ್ಚಾಗಿ ರೆಪೊಕ್ಕೆ, ಜೋಡಣೆಯಾಗಿವೆ. ಮೂರು ತಿಂಗಳಿಗೊಮ್ಮೆಯಾದರೂ ದರ ಪರಿಷ್ಕರಣೆ ಆಗಲೇಬೇಕು. ಹೌಸಿಂಗ್ ಫೈನಾನ್ಸ್ ಕಂಪನಿಗಳಿಗೆ ಈ ಕಟ್ಟಳೆ ಇಲ್ಲ. ಅವು ತಮ್ಮದೇ ಆಂತರಿಕ ದರ ಇಟ್ಟುಕೊಂಡಿರುತ್ತವೆ. ಏರುವಾಗ ಬೇಗ, ಇಳಿಯುವಾಗ ನಿಧಾನ ಎಂಬ ದೂರು ಅಲ್ಲಿ ಹೆಚ್ಚು. ಹಳೆಯ ಗ್ರಾಹಕನಿಗೆ ಹೊಸ ದರ ಬೇಕೆಂದರೆ ಅದಕ್ಕೊಂದು ಪರಿವರ್ತನಾ ಶುಲ್ಕವನ್ನೂ ಕೇಳುವುದುಂಟು.

ದರ ಏರಿದಾಗ ಕಂತನ್ನು ಮುಟ್ಟದೆ ಅವಧಿ ಉದ್ದ ಮಾಡುವುದು ಬ್ಯಾಂಕುಗಳ ವಾಡಿಕೆ. ಗ್ರಾಹಕನಿಗೆ ಒಂದು ಎಸ್‌ಎಂಎಸ್ ಬರುತ್ತದೆ. ಕಂತು ಮೊದಲಿನಷ್ಟೇ ಇರುವುದರಿಂದ ಓದಿ ಬಿಟ್ಟುಬಿಡುತ್ತಾನೆ. ನಿಮ್ಮ ಸಾಲದಲ್ಲಿ ಆರಂಭದಲ್ಲೇ ಶೇ 8.5 ಇದ್ದದ್ದು ಶೇ 9 ಆಯಿತು ಎನ್ನಿ. ಕಂತು 26,035ರಲ್ಲೇ ಉಳಿಸಿದರೆ 240 ಕಂತು ಇದ್ದದ್ದು 267 ಆಗುತ್ತದೆ. ಹೆಚ್ಚುವರಿ ಹೊರೆ ಸುಮಾರು 7 ಲಕ್ಷ. ಅದೇ ಅವಧಿ ಉಳಿಸಿ ಕಂತನ್ನು 957 ರೂಪಾಯಿ ಏರಿಸಿಕೊಂಡರೆ ಒಟ್ಟು ಹೊರೆ 2.3 ಲಕ್ಷ. ಅರ್ಧ ಶೇಕಡಾ ಬದಲಾವಣೆಯಲ್ಲೇ ಇಷ್ಟು ಅಂತರ. ಅವಧಿ ಹೀಗೆ ಉದ್ದವಾದರೆ ನಿಮ್ಮ 60ನೇ ವಯಸ್ಸಿಗೆ ಬಾಕಿ 8 ಲಕ್ಷವಲ್ಲ, 13 ಲಕ್ಷ.

ಇದರ ಕೊನೆಯ ಹಂತ 2022-23ರಲ್ಲಿ ಅನೇಕರಿಗೆ ಎದುರಾಯಿತು. ಶೇ 7ರಲ್ಲಿ 30 ಲಕ್ಷ ಪಡೆದು 23,259 ಕಂತಿನಲ್ಲಿ 2 ವರ್ಷ ತೀರಿಸಿದವರ ಬಾಕಿ 28.52 ಲಕ್ಷ ಇರುತ್ತದೆ. ದರ ಶೇ 9.5ಕ್ಕೆ ಏರಿದರೆ ಆ ಬಾಕಿಯ ತಿಂಗಳ ಬಡ್ಡಿಯೇ 22,579. ಅಸಲಿಗೆ ಹೋಗುವುದು 680 ರೂಪಾಯಿ! ಅದೇ ಕಂತಿನಲ್ಲಿ ಸಾಲ ತೀರಲು ಇನ್ನೂ 37 ವರ್ಷ ಬೇಕು. ಇಂಥ ಪ್ರಕರಣಗಳು ಹೆಚ್ಚಿದ ಮೇಲೆ ರಿಸರ್ವ್ ಬ್ಯಾಂಕ್ 2023ರ ಆಗಸ್ಟ್ 18ರಂದು ಸುತ್ತೋಲೆ ಹೊರಡಿಸಿತು. ದರ ಪರಿಷ್ಕರಣೆಯ ಸಮಯದಲ್ಲಿ ಕಂತು ಏರಿಸುವುದೋ, ಅವಧಿ ಏರಿಸುವುದೋ, ಎರಡನ್ನೂ ಸ್ವಲ್ಪ ಸ್ವಲ್ಪ ಮಾಡುವುದೋ ಎಂಬ ಆಯ್ಕೆ ಸಾಲಗಾರನದು. ಸ್ಥಿರ ಬಡ್ಡಿಗೆ ಬದಲಾಗುವ ಅವಕಾಶವನ್ನೂ ಕೊಡಬೇಕು ಎಂದು ಅದರಲ್ಲಿತ್ತು, 2025ರ ಅಕ್ಟೋಬರ್‌ನಿಂದ ಅದು ಬ್ಯಾಂಕಿನ ಇಚ್ಛೆಗೆ ಬಿಟ್ಟದ್ದು. ಪ್ರತಿ ತ್ರೈಮಾಸಿಕದಲ್ಲಿ ಇದುವರೆಗೆ ಕಟ್ಟಿದ ಅಸಲು, ಬಡ್ಡಿ, ಉಳಿದ ಕಂತುಗಳ ಸಂಖ್ಯೆ ತೋರಿಸುವ ತಃಖ್ತೆ ಕೊಡಬೇಕು. ಆ ತಃಖ್ತೆಯಲ್ಲಿ ನೀವು ನೋಡಬೇಕಾದ್ದು ಒಂದೇ ಅಂಕಿ: ಉಳಿದ ಕಂತುಗಳು. ಮೂರು ತಿಂಗಳಲ್ಲಿ ಅದು ಮೂರು ಇಳಿದಿರಬೇಕು. ಇಳಿಯದಿದ್ದರೆ ಅದೇ ವಾರ ಶಾಖೆಗೆ ಹೋಗಿ ‘ಅವಧಿ ಮೊದಲಿನಷ್ಟೇ ಇರಲಿ, ಕಂತು ಏರಿಸಿ’ ಎಂದು ಬರೆದುಕೊಟ್ಟು, ಪ್ರತಿಯ ಮೇಲೆ ಸ್ವೀಕೃತಿ ಮುದ್ರೆ ಹಾಕಿಸಿಕೊಳ್ಳಿ. ಖಾತೆಯಿಂದ ತಾನಾಗಿ ಕಂತು ಕಡಿತವಾಗಲು ಮ್ಯಾಂಡೇಟ್ ಬರೆದುಕೊಡುವಾಗ ಗರಿಷ್ಠ ಮೊತ್ತವನ್ನು ಈಗಿನ ಕಂತಿಗಿಂತ ಹೆಚ್ಚಿಗೆ ನಮೂದಿಸಿ. ಇಲ್ಲದಿದ್ದರೆ ಕಂತು ಏರಿದ ತಿಂಗಳು ಕಡಿತ ವಿಫಲವಾಗಿ ದಂಡ ಶುಲ್ಕ ಬೀಳುತ್ತದೆ.

ದರ ಇಳಿದಾಗ ಇದರ ತಿರುವುಮುರುವು. ಕಂತು ಇಳಿಸುತ್ತೇವೆ ಎಂದರೆ ಒಪ್ಪಬೇಡಿ, ಅವಧಿ ಇಳಿಯಲಿ.

ಸೊಸೈಟಿಯ ಶೇ 7

ನಿಮ್ಮ ಪತ್ರದಲ್ಲಿ ನನಗೆ ಹೆಚ್ಚು ಕಳವಳ ತಂದದ್ದು 30 ಲಕ್ಷ ಅಲ್ಲ, ಈ 5 ಲಕ್ಷ. ಕೆಲವು ಪತ್ತಿನ ಸಂಘಗಳಲ್ಲಿ ‘ಫ್ಲ್ಯಾಟ್’ ಬಡ್ಡಿ ಇರುತ್ತದೆ. ಸಾಲ ತೀರುತ್ತ ಬಂದರೂ ಬಡ್ಡಿ ಮಾತ್ರ ಮೊದಲಿನ ಪೂರ್ತಿ ಮೊತ್ತದ ಮೇಲೆ. 5 ಲಕ್ಷಕ್ಕೆ ಶೇ 7ರಂತೆ 10 ವರ್ಷಕ್ಕೆ 3.5 ಲಕ್ಷ ಬಡ್ಡಿ, ಒಟ್ಟು 8.5 ಲಕ್ಷ, 120 ಕಂತಿಗೆ ಹಂಚಿದರೆ ತಿಂಗಳಿಗೆ 7,083. ಕೊನೆಯ ವರ್ಷ ನಿಮ್ಮ ಬಳಿ ಉಳಿದಿರುವ ಅವರ ಅಸಲು 50,000 ಮಾತ್ರ, ಆದರೆ ಆ ವರ್ಷವೂ 35,000 ಬಡ್ಡಿ ಕಟ್ಟುತ್ತೀರಿ. ಬ್ಯಾಂಕಿನ ಪದ್ಧತಿಯಲ್ಲಿ, ಅಂದರೆ ಇಳಿಯುವ ಬಾಕಿಯ ಮೇಲೆ, ಲೆಕ್ಕ ಹಾಕಿದರೆ ಇದು ಸುಮಾರು ಶೇ 11.7 ಬಡ್ಡಿ. ನಿಮ್ಮ ಸೊಸೈಟಿಯದು ಫ್ಲ್ಯಾಟೋ ಅಲ್ಲವೋ ತಿಳಿಯಲು ‘ತಿಂಗಳ ಕಂತು ಎಷ್ಟು’ ಎಂದು ಕೇಳಿ. 7,083ರ ಆಸುಪಾಸು ಹೇಳಿದರೆ ಫ್ಲ್ಯಾಟ್. ಇಳಿಯುವ ಬಾಕಿಯ ಮೇಲಿನ ಶೇ 7 ಆಗಿದ್ದರೆ 5,800ರ ಸಮೀಪ ಇರಬೇಕು.

ಫ್ಲ್ಯಾಟ್ ಆಗಿದ್ದರೆ ಎರಡೂ ಕಂತು ಸೇರಿ 33,118. ನಿಮ್ಮ ಪಗಾರದ ಅರ್ಧಕ್ಕಿಂತ ಹೆಚ್ಚು. ಮೇಲೆ ಇಬ್ಬರು ಸಹೋದ್ಯೋಗಿಗಳ ಜಾಮೀನು, ನಾಳೆ ಅವರ ಸಾಲಕ್ಕೆ ನಿಮ್ಮ ಜಾಮೀನು. ಬ್ಯಾಂಕ್ ಸಾಲಕ್ಕೆ ನೀವು ಜಾಮೀನು ನಿಂತಿದ್ದು ಅವರು ಕಟ್ಟದೆ ಹೋದರೆ ಅದು ನಿಮ್ಮ ಕ್ರೆಡಿಟ್ ವರದಿಯಲ್ಲೂ ಕಾಣುತ್ತದೆ ಎಂಬುದು ನೆನಪಿರಲಿ.

ನಿಜಕ್ಕೂ ಎಷ್ಟು ಕಡಿಮೆ ಬೀಳುತ್ತದೆ ನೋಡೋಣ. ಮನೆಯ ಬೆಲೆಯಲ್ಲಿ ನಿಮ್ಮ ಪಾಲು 10 ಲಕ್ಷ. ಮುದ್ರಾಂಕ ಶುಲ್ಕ ಶೇ 5, ಅದರ ಮೇಲೆ ಸೆಸ್ ಮತ್ತು ಸರ್ಚಾರ್ಜ್ ಸೇರಿ ನಗರ ವ್ಯಾಪ್ತಿಯಲ್ಲಿ ಶೇ 5.6. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1 ಇದ್ದದ್ದು ಶೇ 2 ಆಗಿದೆ. 40 ಲಕ್ಷಕ್ಕೆ ಎಲ್ಲ ಸೇರಿ 3.04 ಲಕ್ಷ. ಸರ್ಕಾರದ ಮಾರ್ಗಸೂಚಿ ಬೆಲೆ ನಿಮ್ಮ ಖರೀದಿ ಬೆಲೆಗಿಂತ ಹೆಚ್ಚಿದ್ದರೆ ಅದರ ಮೇಲೆಯೇ ಶುಲ್ಕ. ಸಾಲದ ಪ್ರೊಸೆಸಿಂಗ್ ಶುಲ್ಕ ಶೇ 0.5 ಎಂದು ಹಿಡಿದರೆ ಜಿಎಸ್‌ಟಿ ಸೇರಿ 17,700. ಹಕ್ಕುಪತ್ರ ಒತ್ತೆಯಿಟ್ಟ ಬಗ್ಗೆ ನೋಂದಾಯಿಸುವ ಎಂಒಡಿಟಿ ಶುಲ್ಕ, ವಕೀಲರ ಅಭಿಪ್ರಾಯ, ಮೌಲ್ಯಮಾಪಕರ ಫೀ ಬೇರೆ. ಒಟ್ಟು ಹದಿಮೂರೂವರೆ ಲಕ್ಷದ ಹತ್ತಿರ. ಅಂದರೆ ಕೊರತೆ ಒಂದೂವರೆ ಲಕ್ಷದಷ್ಟು. ಉಳಿದ ಮೂರೂವರೆ ಲಕ್ಷ ಬಣ್ಣ, ಅಡುಗೆಮನೆ, ಪೀಠೋಪಕರಣಕ್ಕೆ ಎಂದು ಊಹಿಸುತ್ತೇನೆ. ಅದು ಎರಡು ವರ್ಷ ಕಾಯಬಲ್ಲ ಖರ್ಚು.

ಈ ಕೊರತೆಯನ್ನು ಬ್ಯಾಂಕಿನಲ್ಲೇ ತುಂಬಿಸಿಕೊಳ್ಳಬಹುದು. ರಿಸರ್ವ್ ಬ್ಯಾಂಕ್ ನಿಯಮದಂತೆ 30 ಲಕ್ಷದವರೆಗಿನ ಸಾಲವನ್ನು ಮನೆಯ ಬೆಲೆಯ ಶೇ 90ರವರೆಗೆ, 30ರಿಂದ 75 ಲಕ್ಷದವರೆಗಿನದನ್ನು ಶೇ 80ರವರೆಗೆ ಕೊಡಬಹುದು. 40 ಲಕ್ಷದ ಶೇ 80 ಅಂದರೆ 32 ಲಕ್ಷ. ಹೆಚ್ಚುವರಿ 2 ಲಕ್ಷಕ್ಕೆ ತಿಂಗಳಿಗೆ 1,736 ಹೆಚ್ಚು ಬೀಳುತ್ತದೆ, ಶೇ 8.5ರಲ್ಲೇ. ಒಂದು ತೊಡಕಿದೆ. ಬ್ಯಾಂಕ್ ಲೆಕ್ಕ ಹಿಡಿಯುವುದು ನಿಮ್ಮ ಒಪ್ಪಂದದ ಬೆಲೆ ಅಥವಾ ಮೌಲ್ಯಮಾಪಕರ ಬೆಲೆ, ಯಾವುದು ಕಡಿಮೆಯೋ ಅದನ್ನು. ಹಳೆಯ ಮನೆಗೆ ಮೌಲ್ಯಮಾಪಕರು 36 ಲಕ್ಷ ಬರೆದರೆ 32 ಲಕ್ಷ ಸಿಗುವುದಿಲ್ಲ. ಆದ್ದರಿಂದ ಮಾಲೀಕರಿಗೆ ಸಂಚಕಾರ ಕೊಡುವ ಮೊದಲೇ ಮೌಲ್ಯಮಾಪನ ಮತ್ತು ಕಾನೂನು ಪರಿಶೀಲನೆ ಮಾಡಿಸಿ. ಸಿಟಿಎಸ್ (ನಗರ ಸರ್ವೆ) ಉತಾರ, ಇ-ಆಸ್ತಿ ಖಾತೆ, ನೋಂದಣಿ ಇಲಾಖೆಯ ಕಾವೇರಿ ತಂತ್ರಾಂಶದಿಂದ ಪಡೆದ ಋಣಭಾರ ಪತ್ರ ಮೂರರಲ್ಲೂ ಹೆಸರು, ಅಳತೆ ಹೊಂದಬೇಕು. ಮಾಲೀಕರ ಹಳೆಯ ಸಾಲದ ಬೋಜಾ (ಋಣದ ನಮೂದು) ಉತಾರದಲ್ಲಿ ಉಳಿದಿದ್ದರೆ ಅವರು ಅದನ್ನು ಇಳಿಸಿದ ಮೇಲೆಯೇ ಮುಂದಿನ ಮಾತು.

ಮನೆಯನ್ನು ಒಮ್ಮೆ ಎಂಜಿನಿಯರ್ ಕಣ್ಣಿಂದಲೂ ನೋಡಿಸಿ. ನಮ್ಮ ಕಡೆ ಎರಿ ನೆಲ ಮಳೆಗೆ ಉಬ್ಬಿ ಬೇಸಿಗೆಗೆ ಬಿರಿಯುತ್ತದೆ. ಅಡಿಪಾಯ ಆಳಕ್ಕೆ ಹೋಗಿರದಿದ್ದರೆ ಕಿಟಕಿಯ ಮೂಲೆಗಳಿಂದ ಓರೆಯಾಗಿ ಬಿರುಕು ಬಿಡುತ್ತದೆ, ಬಾಗಿಲು ಹಿಡಿಯುತ್ತದೆ. ಅದರ ದುರಸ್ತಿ ಖರ್ಚು ಯಾವ ಸಾಲದ ಲೆಕ್ಕದಲ್ಲೂ ಇರುವುದಿಲ್ಲ.

ಟ್ಯಾಕ್ಸ್ ಉಳಿಯುತ್ತದೆಯೇ?

ನಿಮ್ಮ ಮಟ್ಟಿಗೆ ಉಳಿಯುವುದಿಲ್ಲ. ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ, ಅಸಲಿಗೆ ಬೇರೆ ಉಳಿತಾಯಗಳೂ ಸೇರಿ 1.5 ಲಕ್ಷದವರೆಗೆ ವಿನಾಯಿತಿ ಇರುವುದು ಹಳೆಯ ತೆರಿಗೆ ಪದ್ಧತಿಯಲ್ಲಿ. ಹೊಸ ಪದ್ಧತಿಯಲ್ಲಿ ಎರಡೂ ಇಲ್ಲ. ಆದರೆ 2025-26ರಿಂದ ಹೊಸ ಪದ್ಧತಿಯಲ್ಲಿ ಸಂಬಳದಾರರಿಗೆ ವರ್ಷಕ್ಕೆ 12.75 ಲಕ್ಷದವರೆಗಿನ ವೇತನಕ್ಕೆ ತೆರಿಗೆಯೇ ಬರುವುದಿಲ್ಲ. ನಿಮ್ಮ ಒಟ್ಟು ವೇತನ ಅದರೊಳಗೇ ಇದ್ದಂತಿದೆ. ಇಲ್ಲದ ತೆರಿಗೆಯನ್ನು ಉಳಿಸಲು ಸಾಲ ದೊಡ್ಡದು ಮಾಡಬೇಕಿಲ್ಲ. ಈ ಸಲಹೆ ಸ್ಟಾಫ್ ರೂಮುಗಳಲ್ಲಿ ಹಳೆಯ ಕಾಲದಿಂದ ಉಳಿದುಕೊಂಡು ಬಂದಿದೆ, ಅಷ್ಟೇ.

ಬಾಡಿಗೆಗೆ ಹೋಲಿಸಿದರೆ? ಮೊದಲ ವರ್ಷ ಬಡ್ಡಿ 2.53 ಲಕ್ಷ. ನಿಮ್ಮ 12 ಲಕ್ಷ ಶೇ 6.5ರ ಎಫ್‌ಡಿಯಲ್ಲಿದ್ದರೆ ಬರುತ್ತಿದ್ದ 78,000 ಕೈತಪ್ಪುತ್ತದೆ. ಮನೆ ತೆರಿಗೆ, ದುರಸ್ತಿಗೆ 25,000 ಇಟ್ಟರೆ ಒಟ್ಟು 3.56 ಲಕ್ಷ. ಬಾಡಿಗೆ 1.08 ಲಕ್ಷ. ವ್ಯತ್ಯಾಸ ಎರಡೂವರೆ ಲಕ್ಷ, ಅಂದರೆ ಮನೆಯ ಬೆಲೆಯ ಶೇ 6ಕ್ಕೂ ಸ್ವಲ್ಪ ಹೆಚ್ಚು. ಆಸ್ತಿಯ ಬೆಲೆ ವರ್ಷಕ್ಕೆ ಅಷ್ಟು ಏರಿದರೆ ಮಾತ್ರ ಮೊದಲ ವರ್ಷಗಳಲ್ಲಿ ಸರಿಸಮ. ಬಾಡಿಗೆ ಏರಿದಂತೆ, ಅಸಲು ಇಳಿದಂತೆ ಈ ಅಂತರ ಕಿರಿದಾಗುತ್ತದೆ. ಸ್ವಂತ ಮನೆಗೆ ಲೆಕ್ಕದ ಹೊರಗಿನ ಕಾರಣಗಳಿರುತ್ತವೆ, ಅವನ್ನು ನಾನು ತೂಗಲಾರೆ. ‘ಬಾಡಿಗೆ ಕೊಡೋ ಬದಲು ಕಂತು ಕಟ್ಟೋಣ’ ಎಂಬುದು ಮಾತ್ರ ಲೆಕ್ಕಕ್ಕೆ ನಿಲ್ಲುವ ಕಾರಣವಲ್ಲ. 9,000ಕ್ಕೂ 26,000ಕ್ಕೂ ಬದಲಿ ಎಲ್ಲಿಯದು?

ಹಾಗಾದರೆ ಏನು ಮಾಡಬೇಕು

ಮೊದಲು ಆ ಶೇ 8.5ನ್ನೇ ಪ್ರಶ್ನಿಸಿ. ರೆಪೊ ಶೇ 5.25 ಇದ್ದಾಗ ಶೇ 8.5 ಎಂದರೆ ಬ್ಯಾಂಕ್ ಅದರ ಮೇಲೆ ಶೇ 3.25 ಸ್ಪ್ರೆಡ್ ಹಾಕುತ್ತಿದೆ. ಇದು ದುಬಾರಿ. ಆ ಹೊತ್ತಿನಲ್ಲಿ ಒಳ್ಳೆಯ ಕ್ರೆಡಿಟ್ ಸ್ಕೋರ್ ಇದ್ದ ಸಂಬಳದಾರರಿಗೆ ಸರ್ಕಾರಿ ಬ್ಯಾಂಕುಗಳು ಏಳೂವರೆಯ ಆಸುಪಾಸಿನಲ್ಲಿ ಕೊಡುತ್ತಿದ್ದವು. ಒಂದೋ ನಿಮ್ಮ ಸ್ಕೋರ್‌ನಲ್ಲಿ ಏನೋ ತೊಡಕಿದೆ, ಇಲ್ಲವೇ ನೀವು ಒಂದೇ ಬ್ಯಾಂಕ್ ಕೇಳಿದ್ದೀರಿ. ಕ್ರೆಡಿಟ್ ಮಾಹಿತಿ ಸಂಸ್ಥೆಗಳು ವರ್ಷಕ್ಕೊಂದು ಪೂರ್ಣ ವರದಿಯನ್ನು ಉಚಿತವಾಗಿ ಕೊಡಬೇಕು. ತರಿಸಿ ನೋಡಿ. ಮುಚ್ಚಿದ ಸಾಲ ಇನ್ನೂ ಬಾಕಿ ಎಂದು ತೋರಿಸುತ್ತಿರುವುದು, ಕ್ರೆಡಿಟ್ ಕಾರ್ಡಿನ ಸಣ್ಣ ಬಾಕಿ ಮರೆತಿರುವುದು ಸಾಮಾನ್ಯ. ಸರಿಪಡಿಸಿ ಇನ್ನೆರಡು ಬ್ಯಾಂಕಿಗೆ ಹೋಗಿ. ಸ್ಪ್ರೆಡ್ ಮೇಲೆ ಇಷ್ಟು ಒತ್ತಿ ಹೇಳಲು ಕಾರಣ ಇದೆ: ರೆಪೊ ಏರಿಳಿದರೂ ಸ್ಪ್ರೆಡ್ ಸುಮ್ಮನೆ ಇಳಿಯುವುದಿಲ್ಲ, ಸಾಲದುದ್ದಕ್ಕೂ ಹೊರಬೇಕು.

ಶೇ 7.5 ಸಿಕ್ಕರೆ 17 ವರ್ಷದ ಕಂತು 26,061. ಈಗ 20 ವರ್ಷಕ್ಕೆ ಹೇಳಿರುವುದಕ್ಕಿಂತ ಕೇವಲ 26 ರೂಪಾಯಿ ಹೆಚ್ಚು. ಅಷ್ಟೇ ಕಂತಿನಲ್ಲಿ ಸಾಲ ನಿವೃತ್ತಿಗೆ ಸರಿಯಾಗಿ ಮುಗಿಯುತ್ತದೆ, ಒಟ್ಟು 9.3 ಲಕ್ಷ ಕಡಿಮೆ ಕಟ್ಟುತ್ತೀರಿ. ಇದಕ್ಕಾಗಿ ಎರಡು ವಾರ ಓಡಾಡುವುದು ಹೆಚ್ಚಲ್ಲ.

ಸಿಗದೇ ಹೋದರೆ ಎರಡು ದಾರಿ. ಒಂದು, 17 ವರ್ಷಕ್ಕೇ ಬರೆಸಿ 27,849 ಕಟ್ಟುವುದು. ಇನ್ನೊಂದು, 20 ವರ್ಷಕ್ಕೆ ಬರೆಸಿ ಪ್ರತಿ ವರ್ಷ ಹೆಚ್ಚಿಗೆ ತುಂಬುವುದು. ವೈಯಕ್ತಿಕ ಫ್ಲೋಟಿಂಗ್ ಗೃಹಸಾಲಕ್ಕೆ ಮುಂಗಡ ಪಾವತಿಯ ದಂಡ ಇಲ್ಲ. ವರ್ಷಕ್ಕೊಂದು ಹೆಚ್ಚುವರಿ ಕಂತು ತುಂಬಿದರೆ ಸಾಲ ಸುಮಾರು 16 ವರ್ಷ 8 ತಿಂಗಳಿಗೆ ತೀರುತ್ತದೆ, 6 ಲಕ್ಷಕ್ಕೂ ಹೆಚ್ಚು ಬಡ್ಡಿ ಉಳಿಯುತ್ತದೆ. ಪ್ರತಿ ವರ್ಷ ಕಂತನ್ನೇ ಶೇ 5ರಷ್ಟು ಏರಿಸುತ್ತ ಹೋದರೆ 12 ವರ್ಷ ದಾಟುತ್ತಿದ್ದಂತೆ ಮುಗಿಯುತ್ತದೆ. ಆದರೆ ಆ ಹೊತ್ತಿಗೆ ಕಂತು 46,700 ದಾಟಿರುತ್ತದೆ, ಪಗಾರ ಜೊತೆಗೆ ಏರದಿದ್ದರೆ ಉಸಿರು ಕಟ್ಟುತ್ತದೆ. ಎರಡನೆಯ ದಾರಿಯಲ್ಲಿ ಕಷ್ಟದ ವರ್ಷ ಬಂದರೆ ಹೆಚ್ಚುವರಿ ನಿಲ್ಲಿಸಿ ಉಸಿರಾಡಬಹುದು. ತೊಂದರೆ ಏನೆಂದರೆ, ಕಡ್ಡಾಯವಿಲ್ಲದ ಹಣ ಬೇರೆ ಕಡೆ ಖರ್ಚಾಗಿಬಿಡುತ್ತದೆ. ತುಟ್ಟಿಭತ್ಯೆಯ ಹಿಂಬಾಕಿ, ರಜೆ ನಗದೀಕರಣ ಬಂದ ತಿಂಗಳೇ ಬ್ಯಾಂಕಿಗೆ ಹೋಗುವ ರೂಢಿ ನಿಮಗಿದ್ದರೆ 20 ವರ್ಷದ್ದು ಸುರಕ್ಷಿತ. ಇಲ್ಲವಾದರೆ 17. ನಿಮ್ಮ ಮನೆಯಲ್ಲಿ ದುಡಿಯುವವರು ಒಬ್ಬರೇ ಆಗಿರುವುದಾದರೆ ನಾನು 20 ವರ್ಷದ ಕಡೆಗೇ ವಾಲುತ್ತೇನೆ, ಮುಂಗಡ ತುಂಬುವ ಷರತ್ತಿನ ಮೇಲೆ.

ಮುಂಗಡ ತುಂಬುವಾಗ ಕೈತಪ್ಪುವುದು ಎರಡು ಕಡೆ. ಮೊಬೈಲ್ ಮೂಲಕ ಸಾಲದ ಖಾತೆಗೆ ಹಾಕಿದ ಹಣ ಕೆಲವೊಮ್ಮೆ ಮುಂದಿನ ಕಂತುಗಳ ಮುಂಗಡ ಎಂದು ಜಮೆಯಾಗಿ ಕೂರುತ್ತದೆ, ಅಸಲು ಇಳಿಯುವುದಿಲ್ಲ. ಮರುದಿನವೇ ಬಾಕಿ ಅಸಲು ಪರಿಶೀಲಿಸಿ. ಎರಡನೆಯದು, ಬ್ಯಾಂಕ್ ಅವಧಿ ಉಳಿಸಿ ಕಂತು ಇಳಿಸಿಬಿಡುವುದು. ಒಂದನೇ ವರ್ಷದ ಕೊನೆಗೆ ತುಂಬಿದ 1 ಲಕ್ಷ ಹೀಗಾದರೆ ಕಂತು 885 ರೂಪಾಯಿ ಇಳಿದು, ಒಟ್ಟು ಬಡ್ಡಿಯಲ್ಲಿ ಉಳಿಯುವುದು 1.02 ಲಕ್ಷ ಮಾತ್ರ. ಕಂತು ಹಾಗೇ ಇದ್ದು ಅವಧಿ ಇಳಿದಿದ್ದರೆ ಅದೇ 3.7 ಲಕ್ಷ. ಅರ್ಜಿಯಲ್ಲಿ ಸ್ಪಷ್ಟವಾಗಿ ಬರೆಯಿರಿ.

ಮುಂಗಡಕ್ಕೂ ಮೊದಲು ಆರು ತಿಂಗಳ ಕಂತಿನಷ್ಟು ಹಣ ಬೇರೆ ಇರಲಿ. ಅನುದಾನಿತ ಶಾಲೆಯ ಪಗಾರ ಎರಡು ತಿಂಗಳು ತಡವಾಗುವುದು ಹೊಸದಲ್ಲ, ಕಂತು ಮಾತ್ರ ತಡವಾಗಬಾರದು. ಓವರ್‌ಡ್ರಾಫ್ಟ್ ಮಾದರಿಯ ಗೃಹಸಾಲದಲ್ಲಿ ಈ ಮೀಸಲು ಹಣವನ್ನು ಜೋಡಿತ ಖಾತೆಯಲ್ಲಿ ಇಟ್ಟರೆ ಅಷ್ಟರ ಮಟ್ಟಿಗೆ ಬಡ್ಡಿ ಬೀಳುವುದಿಲ್ಲ, ಬೇಕಾದಾಗ ತೆಗೆಯಲೂಬಹುದು. ದರ ತುಸು ಹೆಚ್ಚಿರುತ್ತದೆ. ಕೈಯಲ್ಲಿ ಆಗಾಗ ಒಂದೆರಡು ಲಕ್ಷ ನಿಲ್ಲುವವರಿಗಷ್ಟೇ ಅದು ಲಾಭ.

ಸಹಿ ಹಾಕುವ ಮೊದಲು ಕೇಳಿ ಪಡೆಯಬೇಕಾದ, ಸಾಲದ ಮುಖ್ಯ ಅಂಶಗಳ ಒಂದು ಹಾಳೆಯಿದೆ, ಕೆಎಫ್‌ಎಸ್ ಎನ್ನುತ್ತಾರೆ. 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಎಲ್ಲ ಚಿಲ್ಲರೆ ಸಾಲಗಳಿಗೆ ಇದು ಕಡ್ಡಾಯ. ನಿಮಗೆ ತಿಳಿಯುವ ಭಾಷೆಯಲ್ಲೇ ಕೊಡಬೇಕು, ಕನ್ನಡದಲ್ಲಿ ಕೇಳಿ. ಓದಿ ತೀರ್ಮಾನಿಸಲು ಕನಿಷ್ಠ ಮೂರು ಕೆಲಸದ ದಿನ ಕೊಡಬೇಕು. ಅದರಲ್ಲಿ ಎಪಿಆರ್ ಎಂಬ ಅಂಕಿ ಇರುತ್ತದೆ: ಬಡ್ಡಿಯ ಜೊತೆಗೆ ಪ್ರೊಸೆಸಿಂಗ್, ವಿಮೆ, ಕಾನೂನು ಶುಲ್ಕ ಎಲ್ಲ ಸೇರಿಸಿ ತೆಗೆದ ವಾರ್ಷಿಕ ದರ. ಅದು ಹೇಳಿದ ಬಡ್ಡಿಗಿಂತ ಬಹಳ ಮೇಲಿದ್ದರೆ ಒಳಗೆ ವಿಮೆ ಕೂತಿದೆ ಎಂದೇ ಅರ್ಥ. ಉದಾಹರಣೆಗೆ, 90,000 ರೂಪಾಯಿಯ ಏಕಗಂಟಿನ ಜೀವವಿಮೆಯನ್ನು ಸಾಲಕ್ಕೇ ಸೇರಿಸಿದರೆ ಶೇ 8.5 ಎಂದದ್ದು ಶೇ 9ರ ಸಮೀಪ ಹೋಗುತ್ತದೆ, ಆ ವಿಮೆಗೆ 20 ವರ್ಷದಲ್ಲಿ ನೀವು ತೆರುವುದು 1.87 ಲಕ್ಷ. ವಿಮೆ ಬೇಡ ಎನ್ನುತ್ತಿಲ್ಲ. ನಿಮ್ಮ ಮೇಲೆ ಸಂಸಾರ ನಿಂತಿರುವಾಗ ಸಾಲದಷ್ಟು ಮೊತ್ತದ ಟರ್ಮ್ ಪಾಲಿಸಿ ಬೇಕೇ ಬೇಕು. ಅದನ್ನು ಹೊರಗಿನಿಂದ, ವರ್ಷ ವರ್ಷ ಕಂತು ಕಟ್ಟುವಂತೆ ಕೊಳ್ಳಿ. ಬ್ಯಾಂಕಿನ ಪಾಲಿಸಿ ಕಡ್ಡಾಯ ಎಂದರೆ ಹಾಗೆಂದು ಬರೆದುಕೊಡಲು ಹೇಳಿ. ಸಾಮಾನ್ಯವಾಗಿ ಬರೆದುಕೊಡುವುದಿಲ್ಲ. ಈಗಾಗಲೇ ಸಹಿ ಹಾಕಿಬಿಟ್ಟಿದ್ದರೆ ಪಾಲಿಸಿ ಕೈಗೆ ಬಂದ 30 ದಿನದೊಳಗೆ ಹಿಂತಿರುಗಿಸುವ ಹಕ್ಕಿದೆ.

ಸಾಲ ತೀರಿದ ದಿನದಿಂದ 30 ದಿನದೊಳಗೆ ಮೂಲ ಖರೀದಿ ಪತ್ರಗಳನ್ನು ಬ್ಯಾಂಕ್ ಹಿಂತಿರುಗಿಸಬೇಕು. ಅದರ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ನಿಮಗೆ ಪರಿಹಾರ, ಇದು 2023ರ ಡಿಸೆಂಬರ್‌ನಿಂದ ಜಾರಿಯಲ್ಲಿದೆ. ಪತ್ರ ಬಂತೆಂದು ಅಲ್ಲಿಗೇ ಬಿಡಬೇಡಿ. ಉಪನೋಂದಣಾಧಿಕಾರಿ ಕಚೇರಿಯಲ್ಲಿ ಒತ್ತೆ ಬಿಡುಗಡೆ ನೋಂದಾಯಿಸಿ, ಉತಾರದ ಬೋಜಾ ಇಳಿಸಿ, ಹೊಸ ಋಣಭಾರ ಪತ್ರ ತೆಗೆಸಿ ನೋಡಿಕೊಳ್ಳಿ.